ನೀವು ಯಾರನ್ನ ಎಣಿಸ್ತಿದ್ದೀರಿ?

ಮಂಗಳವಾರ ಸಂಜೆಯಿಂದ ಒಂದು ಮಾತು ತಲೆಯಲ್ಲಿ ಕೂತುಬಿಟ್ಟಿದೆ. ಆಫೀಸಿನ ವಿಡಿಯೋ ಕಾಲ್ ಮುಗಿದು ಒಬ್ಬೊಬ್ಬರಾಗಿ ಎಲ್ಲರೂ ಹೋದರು. ಉಳಿದದ್ದು ನಾನು ಮತ್ತು ಬೆಲಾರುಸ್‌ನ ಸಹೋದ್ಯೋಗಿ. ಅವರು ತಮ್ಮ ರಾಜಧಾನಿ ಮಿನ್ಸ್ಕ್ ಬಿಟ್ಟು ಪೋಲೆಂಡ್‌ನ ವಾರ್ಸಾಗೆ ಬಂದು ಕೆಲವು ವರ್ಷಗಳಾದವು. ಸುಮ್ನೆ ಮಾತಿಗೆ ಕೇಳಿದೆ. "2020ರಲ್ಲಿ ಅಷ್ಟೊಂದು ಜನ ಬೀದಿಗೆ ಬಂದಿರಿ. ಕೊನೆಗೆ ಏನು ಬದಲಾಯಿತು?"

ಸ್ವಲ್ಪ ಹೊತ್ತು ಅವರು ಏನೂ ಹೇಳಲಿಲ್ಲ. ಆಮೇಲೆ, "ನೀವು ಬೀದಿಗೆ ಬಂದವರನ್ನ ಎಣಿಸ್ತಿದ್ದೀರಿ. ನಾನು ಜೈಲಿಗೆ ಕಾಗದ ಬರೆಯೋರನ್ನ ಎಣಿಸ್ತೀನಿ" ಅಂದರು. ದನಿಯಲ್ಲಿ ಕೋಪ ಇರಲಿಲ್ಲ. ಇದ್ದಿದ್ದರೆ ಇಷ್ಟು ಚುಚ್ಚುತ್ತಿರಲಿಲ್ಲ.

ಬೆಲಾರುಸ್ ಅಧ್ಯಕ್ಷ ಲುಕಶೆಂಕೊ 1994ರಿಂದ ಅಧಿಕಾರದಲ್ಲಿದ್ದಾರೆ. 2020ರ ಆಗಸ್ಟ್ 9ರ ಚುನಾವಣೆಯಲ್ಲಿ ಶೇ 80 ಮತ ಅವರದ್ದೇ ಎಂದು ಘೋಷಿಸಿದಾಗ ಜನ ಬೀದಿಗಿಳಿದರು. ಪೊಲೀಸರ ಹೊಡೆತ, ಬಂಧನ ನಮಗೆಲ್ಲ ಟಿವಿಯಲ್ಲಿ ಕಂಡಿತು. ಕಾಣದೇ ಹೋದದ್ದು ಅದರ ನಂತರದ್ದು. 2021ರಿಂದ ಸಾವಿರಕ್ಕೂ ಹೆಚ್ಚು ಸಂಘ ಸಂಸ್ಥೆಗಳನ್ನು ಮುಚ್ಚಿಸಿದರು. ಹಕ್ಕಿಗಳನ್ನು ಉಳಿಸುವ ಸಂಘವನ್ನೂ ಬಿಡಲಿಲ್ಲ. 2022ರ ಜನವರಿಯಲ್ಲಿ ಇನ್ನೊಂದು ಕಾನೂನು ಬಂತು, ನೋಂದಣಿ ಇಲ್ಲದ ಸಂಘಟನೆಯ ಹೆಸರಲ್ಲಿ ಕೆಲಸ ಮಾಡಿದರೆ ಎರಡು ವರ್ಷದವರೆಗೆ ಜೈಲು. ಅಂದರೆ ಮೊದಲು ನೋಂದಣಿ ಕಿತ್ತುಕೊಳ್ಳುವುದು, ಆಮೇಲೆ ನೋಂದಣಿ ಇಲ್ಲ ಅಂತ ಹಿಡಿಯುವುದು. ಹಕ್ಕಿ ನೋಡುವವರ ಮೇಲೆ ಯಾಕೆ ಇಷ್ಟು ಭಯ ಅಂತ ಯೋಚಿಸುತ್ತಲೇ ಇದ್ದೇನೆ. ಯಾರ ಅಪ್ಪಣೆಗೂ ಕಾಯದೆ ಹತ್ತು ಜನ ಸೇರಿ ಒಂದು ಕೆಲಸ ಮಾಡಿ ಮುಗಿಸುತ್ತಾರಲ್ಲ, ಆ ಅಭ್ಯಾಸಕ್ಕೇ ಹೆದರುತ್ತಾರೆ ಅನ್ನಿಸುತ್ತದೆ.

ವಿಯಾಸ್ನಾ ಅನ್ನುವ ಸಂಸ್ಥೆ 1996ರಿಂದ ರಾಜಕೀಯ ಕೈದಿಗಳ ಹೆಸರು ಬರೆದಿಡುತ್ತಾ ಬಂದಿದೆ. ಅದನ್ನು ಕಟ್ಟಿದ ಅಲೆಸ್ ಬಿಯಾಲಿಯಾಟ್ಸ್ಕಿಗೆ 2022ರ ನೊಬೆಲ್ ಶಾಂತಿ ಪ್ರಶಸ್ತಿ ಬಂದಾಗ ಅವರು ಜೈಲಿನಲ್ಲಿದ್ದರು, ಹೆಂಡತಿ ಹೋಗಿ ತೆಗೆದುಕೊಂಡರು. 2024ರ ಜನವರಿಯಲ್ಲಂತೂ ಅಲ್ಲಿನ ಗುಪ್ತಚರ ಪಡೆ ಕೆಜಿಬಿಯವರು ಕೈದಿಗಳ ಮನೆಗಳಿಗೇ ನುಗ್ಗಿದರು. ದಿನಸಿ ಸಹಾಯ ಪಡೆದಿದ್ದರು ಅನ್ನುವುದೇ ಕಾರಣ.

ಮರುದಿನ ಇದನ್ನೆಲ್ಲ ಇನ್ನೊಬ್ಬ ಸಹೋದ್ಯೋಗಿಗೆ ಹೇಳಿದೆ. "ಕಾಗದ ಬರೆದರೆ ಸರ್ಕಾರ ಬೀಳುತ್ತಾ?" ಅಂದರು. ಒಳ್ಳೆಯ ಮನುಷ್ಯ, ಆದರೆ ಕೂಡಲೇ ಫಲ ಕಾಣದ ಕೆಲಸವೆಲ್ಲ ದಂಡ ಅನ್ನುವ ಅವರ ಲೆಕ್ಕ ನನಗೆ ಯಾವತ್ತೂ ಹಿಡಿಸಿಲ್ಲ. ಬೀಳುವುದಿಲ್ಲ, ನಿಜ. ಆದರೆ ಪೋಲೆಂಡ್ ನೋಡಿ. 1976ರಲ್ಲಿ ರಾದೊಮ್ ಮತ್ತು ಉರ್ಸುಸ್‌ನಲ್ಲಿ ಮುಷ್ಕರ ಮಾಡಿದ ಕಾರ್ಮಿಕರನ್ನು ಜೈಲಿಗೆ ಹಾಕಿದಾಗ, ಕೆಲವೇ ಜನ ಸೇರಿ ಅವರ ಮನೆಯವರಿಗೆ ದುಡ್ಡು ಹೊಂದಿಸಿದರು, ವಕೀಲರನ್ನು ಹುಡುಕಿದರು, ಕೋರ್ಟಿನಲ್ಲಿ ಹೋಗಿ ಕೂತರು. ನಾಲ್ಕೇ ವರ್ಷಕ್ಕೆ ಗ್ಡಾನ್‌ಸ್ಕ್ ಹಡಗುಕಟ್ಟೆಯ ಮುಷ್ಕರದಿಂದ ಸಾಲಿಡಾರಿಟಿ ಅನ್ನುವ ಕಾರ್ಮಿಕ ಸಂಘ ಹುಟ್ಟಿತು. ಸದಸ್ಯರು ಹತ್ತಿರ ಹತ್ತಿರ ಒಂದು ಕೋಟಿ. 1981ರ ಡಿಸೆಂಬರ್ 13ರಂದು ಸೇನಾಡಳಿತ ಹೇರಿ ಅದನ್ನೂ ತುಳಿದರು. ಆಗ ಯಾರಾದರೂ "ಏನು ಬದಲಾಯಿತು?" ಅಂತ ಕೇಳಿದ್ದರೆ ಉತ್ತರ ಇರುತ್ತಿರಲಿಲ್ಲ. 1989ರಲ್ಲಿ ಅದೇ ಸರ್ಕಾರ ಸಾಲಿಡಾರಿಟಿಯ ಜೊತೆ ಮಾತುಕತೆಗೆ ಕೂತು, ಕೊನೆಗೆ ಅಧಿಕಾರ ಬಿಟ್ಟಿತು. ಆಗ ಮಾಸ್ಕೋ ಟ್ಯಾಂಕ್ ಕಳಿಸಲಿಲ್ಲ, ಅದು ದೊಡ್ಡ ಕಾರಣ, ಒಪ್ಪುತ್ತೇನೆ. ಆದರೆ ಬಾಗಿಲು ತೆರೆದ ದಿನ ಮೇಜಿನ ಈ ಕಡೆ ಕೂರಲು ಜನ ಇದ್ದರು, ಒಬ್ಬರನ್ನೊಬ್ಬರು ನಂಬುವವರು. ಈಜಿಪ್ಟ್‌ನಲ್ಲಿ 2011ರಲ್ಲಿ ಜನ ಬೀದಿಗಿಳಿದ 18 ದಿನಕ್ಕೆ ಅಧ್ಯಕ್ಷ ಮುಬಾರಕ್ ಹೋದರು, 2013ರಲ್ಲಿ ಅಧಿಕಾರ ಮತ್ತೆ ಸೇನೆಯ ಕೈಗೇ ಹೋಯಿತು. ಮೈದಾನ ತುಂಬುವುದು, ಆಮೇಲೆ ಜೊತೆಗೆ ಉಳಿಯುವುದು, ಇವೆರಡೂ ಬೇರೆ ಬೇರೆ ಕೆಲಸ ಅಲ್ವಾ?

ಆದರೂ ನಾನು ಕೇಳಿದ ಆ ಪ್ರಶ್ನೆ ನೆನಪಾದಾಗಲೆಲ್ಲ ಮುಜುಗರವಾಗುತ್ತದೆ. ದೂರದಲ್ಲಿ ಹಾಯಾಗಿ ಕೂತು, ಮನೆಮಠ ಬಿಟ್ಟು ಬಂದವರ ಹತ್ತಿರ ಫಲಿತಾಂಶ ಕೇಳುವುದು. "ಕೊನೆಗೆ" ಅನ್ನುವ ಪದ ಬೇರೆ ಬಳಸಿದ್ದೆ. ಅವರಿಗೆ ಅದಿನ್ನೂ ಮುಗಿದೇ ಇಲ್ಲ.

ಗುರುವಾರ ಅವರಿಗೆ ಮೆಸೇಜ್ ಮಾಡಿ, ನಾನೂ ಒಂದು ಕಾಗದ ಬರೆಯಬಹುದಾ ಅಂತ ಕೇಳಿದೆ. ತಕ್ಷಣ ಫೋನ್ ಮಾಡಿದರು. ಹವಾಮಾನ, ಮರ, ಬೆಕ್ಕು, ಏನು ಬೇಕಾದರೂ ಬರೆಯಿರಿ, ರಾಜಕೀಯ ಬೇಡ ಅಂದರು. ರಷ್ಯನ್ ಇಲ್ಲವೇ ಬೆಲಾರುಸಿಯನ್‌ನಲ್ಲಿ ಇರಬೇಕು, ಅನುವಾದ ನಾನೇ ಮಾಡಿಕೊಡುತ್ತೇನೆ ಅಂದರು. "ಜಾಸ್ತಿ ಕಾಗದ ಒಳಗೆ ಹೋಗೋದೇ ಇಲ್ಲ. ಅದಕ್ಕೇ ನಂಬರ್ ಹಾಕಿ. ಮೂರನೇದು ಸಿಕ್ಕರೆ ಮೊದಲಿನ ಎರಡೂ ಯಾರೋ ಬರೆದಿದ್ದರು ಅಂತ ಜೈಲಿನಲ್ಲಿರೋ ಅವಳಿಗೆ ಗೊತ್ತಾಗುತ್ತೆ."

ನಿನ್ನೆ ರಾತ್ರಿ ಮಳೆಯ ಬಗ್ಗೆ ಆರು ಸಾಲು ಬರೆದೆ. ಮೇಲೆ ಮೂಲೆಯಲ್ಲಿ 1 ಅಂತ ಹಾಕಿದ್ದೇನೆ.