ಸೈಕ್ಲೋಸ್ಟೈಲ್ ಮಾಸ್ತರು

ಧಾರವಾಡದ ನಮ್ಮ ಶಾಲೆಯ ಇತಿಹಾಸದ ಮಾಸ್ತರು ಹೋದ ತಿಂಗಳು ತೀರಿಕೊಂಡರು. 1975ರ ಬ್ಯಾಚಿನವರಿಗೆ ಅವರು ಸೈಕ್ಲೋಸ್ಟೈಲ್ ಮಾಸ್ತರು. ಪಠ್ಯದಲ್ಲಿ ಏನಿತ್ತೋ, ಒಂದಕ್ಷರ ನೆನಪಿಲ್ಲ.

ಪ್ರಶ್ನೆಪತ್ರಿಕೆಯ ಪ್ರತಿ ತೆಗೆಯುವ ಸೈಕ್ಲೋಸ್ಟೈಲ್ ಯಂತ್ರ ಅವರ ಸುಪರ್ದಿಯಲ್ಲಿತ್ತು. ಮೇಣ ಸವರಿದ ಸ್ಟೆನ್ಸಿಲ್ ಹಾಳೆಯನ್ನು ಗೀರುಗೀರಿನ ತಗಡಿನ ಮೇಲಿಟ್ಟು ಉಕ್ಕಿನ ಮೊನೆಯಿಂದ ಬರೆಯಬೇಕು. ಮೇಣ ಸರಿದಲ್ಲಿ ಮಾತ್ರ ಶಾಯಿ ಇಳಿಯುತ್ತದೆ. ಇಂಗ್ಲಿಷಿನದು ಸಲೀಸು, ರಿಬ್ಬನ್ ಸರಿಸಿ ಟೈಪ್ ಮಾಡಿದರಾಯಿತು. ನಮ್ಮ ಅಕ್ಷರಗಳೆಲ್ಲ ದುಂಡಗೆ. ಸುತ್ತು ಪೂರ್ತಿಯಾದರೆ ನಡುವಿನ ತುಣುಕು ಕಳಚಿ ಬಿದ್ದು ಸೊನ್ನೆ ಕರಿಬೊಟ್ಟಾಗುತ್ತಿತ್ತು. "ಲೇ ತಮ್ಮಾ, ಒತ್ತಿ ಬರದ್ರ ಹರೀತೈತಿ, ಹಗುರ ಬರದ್ರ ಮೂಡಂಗಿಲ್ಲ" ಎನ್ನುತ್ತಿದ್ದರು. ಮಳೆಗಾಲದಲ್ಲಿ ಕಾಗದ ಥಂಡಿ ಹಿಡಿದು ಎರಡೆರಡು ಹಾಳೆ ಕೂಡಿ ಹೋಗುತ್ತಿದ್ದವು. ನುಣುಪು ಕಾಗದ ಹಾಕಿದರಂತೂ ಶಾಯಿ ಹೀರದೆ ಮುಂದಿನ ಹಾಳೆಯ ಬೆನ್ನಿಗೆ ಮೆತ್ತುತ್ತಿತ್ತು.

ಆ ಜೂನ್ 25ರ ರಾತ್ರಿ ತುರ್ತು ಪರಿಸ್ಥಿತಿ ಬಂತು. ಪತ್ರಿಕೆಗಳಿಗೆ ಸೆನ್ಸಾರು. 28ರಂದು ದಿಲ್ಲಿಯಲ್ಲಿ ಇಂಡಿಯನ್ ಎಕ್ಸ್‌ಪ್ರೆಸ್ ಸಂಪಾದಕೀಯದ ಜಾಗ ಖಾಲಿ ಬಿಟ್ಟಿತು. ಅಚ್ಚಿಗೆ ಬಾರದ್ದು ದೇಶದ ತುಂಬ ಇಂಥದೇ ಯಂತ್ರಗಳಲ್ಲಿ ಕರಪತ್ರವಾಗಿ ಓಡಾಡಿತು.

ನಾವು ಮಾತ್ರ ಕಸದ ಬುಟ್ಟಿಯ ಹಳೇ ಸ್ಟೆನ್ಸಿಲ್ ಕದ್ದು, ಕಿಟಕಿಯ ಬೆಳಕಿಗೆ ಹಿಡಿದು, ಸಹಾಮಾಹೀ, ಅಂದರೆ ಅರ್ಧವಾರ್ಷಿಕ, ಪರೀಕ್ಷೆಯ ಪ್ರಶ್ನೆ ಓದಿಕೊಂಡೆವು. ಮಾಸ್ತರು ರಾತ್ರೋರಾತ್ರಿ ಬೇರೆ ಪತ್ರಿಕೆ ತೆಗೆದರು. ಬಯ್ಯಲಿಲ್ಲ. "ಸ್ಟೆನ್ಸಿಲ್ ಸಿಕ್ಕರ ಮನೀನ ಸಿಕ್ಕಂಗ" ಎಂದಷ್ಟೇ ಹೇಳಿ, ಅಂದಿನಿಂದ ಎಲ್ಲವನ್ನೂ ಮನೆಗೊಯ್ದು ಹಂಡೆಯ ಒಲೆಗೆ ಹಾಕತೊಡಗಿದರು. ಪ್ರಶ್ನೆಪತ್ರಿಕೆ ಬಿಟ್ಟು ಬೇರೇನಾದರೂ ತೆಗೆಯುತ್ತಿದ್ದರೋ ಎಂದು ಕೇಳುವ ಧೈರ್ಯ ಯಾರಿಗೂ ಬರಲಿಲ್ಲ.

ಈಗ ಪ್ರಶ್ನೆಪತ್ರಿಕೆ ಪಿಡಿಎಫ್ ಆಗಿ ಬರುತ್ತದೆ, ಉತ್ತರವೂ ಜೊತೆಗೇ. ಮಾಸ್ತರರ ಬೆರಳಿಗೆ ಮಸಿ ಹತ್ತುವುದಿಲ್ಲ.

1977ರ ಮಾರ್ಚ್‌ನಲ್ಲಿ ಇಂದಿರಾ ಸೋತರು, ತುರ್ತು ಪರಿಸ್ಥಿತಿ ತೆರವಾಯಿತು. ಕರ್ನಾಟಕದಲ್ಲಿ ಮಾತ್ರ 28ರಲ್ಲಿ 26 ಸ್ಥಾನ ಕಾಂಗ್ರೆಸ್ಸಿಗೆ. ವಾರ್ಷಿಕ ಪರೀಕ್ಷೆಯಲ್ಲಿ ಮಾಸ್ತರು ಅದನ್ನೇ ಕೇಳಿದರು: ಅಲ್ಲಿ ಸೋತವರು ಇಲ್ಲಿ ಗೆದ್ದದ್ದೇಕೆ? ದೇವರಾಜ ಅರಸರ ಭೂಸುಧಾರಣೆ, ಲಾವಣಿ (ಗೇಣಿ) ಹೊಲದ ಒಡೆತನ ಕೇಳಿ ಫಾರಂ ನಂಬರ್ 7 ತುಂಬಿದ ರೈತರು ಎಂದೆಲ್ಲ ಬರೆದೆ. ಏಳು ಅಂಕ ಬಂತು. ತರಗತಿಯಲ್ಲಿ ಅದೇ ಹೆಚ್ಚು, ಹೇಳದೆ ಇರಲಾರೆ. ಎಷ್ಟಕ್ಕೆ ಏಳು ಎಂಬುದು ಮಾತ್ರ ಪತ್ರಿಕೆ ನೋಡಿದರೆ ತಿಳಿಯುತ್ತಿರಲಿಲ್ಲ. ಒಂದರ ಮುಂದೆ ಕರಿಬೊಟ್ಟು ಕೂತಿತ್ತು.