ಟೋಪಿ, ಚುರುಟು, ಒಂದು ಪ್ಲಾನ್

ಸುಮ್ನೆ ಐದು ನಿಮಿಷ ನೋಡೋಣ ಅಂತ ಹಾಕಿದ ಹಳೇ ಡ್ಯಾನಿಶ್ ಸಿನಿಮಾ ರಾತ್ರಿ ಹನ್ನೆರಡರವರೆಗೆ ಕೂರಿಸಿತು. ಕಾರಣ ಅದರ ನಟ ಓವೆ ಸ್ಪ್ರೋಗೋ. 1919ರಲ್ಲಿ ಒಡೆನ್ಸ ಊರಲ್ಲಿ ಹುಟ್ಟಿದ, ಸಣ್ಣಗೆ ಬಡಕಲಾಗಿದ್ದ ಮನುಷ್ಯ. ಹೀರೋ ಮುಖ ಅಲ್ಲವೇ ಅಲ್ಲ. ಆದರೂ ನೂರಕ್ಕೂ ಜಾಸ್ತಿ ಸಿನಿಮಾ!

1968ರಲ್ಲಿ ಶುರುವಾದ ಓಲ್ಸೆನ್ ಗ್ಯಾಂಗ್ ಸರಣಿಯಲ್ಲಿ ಅವರು ತಲೆ ಮೇಲೆ ಟೋಪಿ, ಬಾಯಲ್ಲಿ ಚುರುಟು ಇರುವ ಕಳ್ಳರ ನಾಯಕ ಎಗಾನ್. ಜೈಲಿಂದ ಹೊರಗೆ ಬರುತ್ತಾನೆ, 'ನನ್ನ ಹತ್ರ ಪ್ಲಾನ್ ಇದೆ' ಅನ್ನುತ್ತಾನೆ, ಕೊನೆಗೆ ಮತ್ತೆ ಜೈಲು. 1976ರ ಸಿನಿಮಾದಲ್ಲಂತೂ ಕೋಪನ್‌ಹೇಗನ್ನಿನ ರಾಯಲ್ ಥಿಯೇಟರಿನಲ್ಲಿ ಆರ್ಕೆಸ್ಟ್ರಾ ನುಡಿಸುತ್ತಿದ್ದರೆ, ಕೆಳಗೆ ಇವನ ಗ್ಯಾಂಗ್ ಅದೇ ತಾಳಕ್ಕೆ ಸರಿಯಾಗಿ ಗೋಡೆ ಒಡೆಯುತ್ತಾ ಹೋಗುತ್ತದೆ, ಮೇಲೆ ಕೂತವರಿಗೆ ಏನೂ ಗೊತ್ತಾಗುವುದಿಲ್ಲ. ಆ ದೃಶ್ಯ ಮೂರು ಸಲ ಹಿಂದಕ್ಕೆ ಹಾಕಿ ನೋಡಿದೆ.

ಪೂರ್ವ ಜರ್ಮನಿಯಲ್ಲೂ ಜನ ಇವನಿಗೆ ಮುಗಿಬಿದ್ದಿದ್ದರಂತೆ. ಇಷ್ಟೆಲ್ಲ ನಟಿಸಿದವರನ್ನು ಒಂದೇ ಟೋಪಿಯಿಂದ ಗುರುತಿಸೋದು ನ್ಯಾಯವಾ? ಗೊತ್ತಿಲ್ಲ, ನಾನೂ ಅದನ್ನೇ ಮಾಡುತ್ತಿದ್ದೀನಿ ಅಲ್ವಾ.

ಈ ಸರಣಿಯಲ್ಲಿ ಅವರ ಕೊನೇದಾದ 1998ರ ಸಿನಿಮಾದ ಶೂಟಿಂಗ್ ನಡುವೆಯೇ ಜೊತೆಗಾರ ಪೌಲ್ ಬುಂಡ್‌ಗಾರ್ಡ್ ತೀರಿಕೊಂಡರು. ಸ್ಪ್ರೋಗೋ ಹೋಗಿದ್ದು 2004ರಲ್ಲಿ. ಆ ಕೊನೇದನ್ನು ಇನ್ನೂ ನೋಡಿಲ್ಲ. ಭಾನುವಾರ ನೋಡಬೇಕು.