ಜೀರೋ ಬಲ್ಬಿನ ಮೇಷ್ಟ್ರು

ಫಿಸಿಕ್ಸ್ ಮೇಷ್ಟ್ರು ತೀರಿಕೊಂಡರೆಂದು ವಾಟ್ಸಾಪಿನಲ್ಲಿ ಬಂದಾಗ ನಾನು ಶಿಡ್ಲಘಟ್ಟದಲ್ಲೇ ಇದ್ದೆ. ನೂಲು ಬಿಚ್ಚುವ ಶೆಡ್ಡಿನಲ್ಲಿ, ಕೀ ಕೊಡುವ ಹಳೇ 16 ಎಂಎಂ ಕ್ಯಾಮೆರಾ ಹಿಡಿದು. ಬೆಂದ ರೇಷ್ಮೆಗೂಡಿನ ಆ ವಾಸನೆ ನಮ್ಮ ಕಾಲೇಜಿನವರಿಗೆ ಹೇಳಬೇಕಿಲ್ಲ. ಮಧ್ಯಾಹ್ನದ ಕ್ಲಾಸಿಗೆ ನಮಗಿಂತ ಮುಂಚೆ ಅದೇ ಹಾಜರಾಗುತ್ತಿತ್ತು.

ಅದು 1989. ಆಗಿನ್ನೂ ನಮ್ಮದು ಕೋಲಾರ ಜಿಲ್ಲೆ. ಚಿಕ್ಕಬಳ್ಳಾಪುರ ಜಿಲ್ಲೆಯಾಗಿದ್ದು 2007ರಲ್ಲಿ. ಪಿಯುಸಿಯಲ್ಲಿ ಏನು ಓದಿದೆನೋ, ದೇವರಾಣೆ ನೆನಪಿಲ್ಲ. ಲ್ಯಾಬಿನ ಹಿಂದಿನ ಸಾಮಾನು ಕೋಣೆ ಮಾತ್ರ ನೆನಪಿದೆ. ಕಿಟಕಿಗೆ ಕಂಬಳಿ ಹೊಡೆದು, ಕೆಂಪು ಜೀರೋ ಬಲ್ಬು ಹಾಕಿ, ಮೇಷ್ಟ್ರು ಅಲ್ಲಿ ವಾರ್ಷಿಕೋತ್ಸವದ ಫೋಟೊ ತಾವೇ ತೊಳೆಯುತ್ತಿದ್ದರು.

ಅಲ್ಲಿದ್ದ ಕಪ್ಪು ಕವರಿನಲ್ಲಿ ಸಿನಿಮಾ ನಟಿಯರ ಫೋಟೊ ಇದೆ ಅಂತ ನಮ್ಮ ಬೆಂಚಿನ ವಾದ. ಒಂದು ದಿನ ಎತ್ತಿಕೊಂಡು ಬಂದು ವರಾಂಡದ ಬಿಸಿಲಿಗೆ ಹಿಡಿದು ಬಿಚ್ಚಿದೆ. ಬರೀ ಬಿಳೀ ಹಾಳೆ! ಸಪ್ಪೆ ಮುಖ ಮಾಡಿಕೊಂಡು ವಾಪಸ್ ಇಟ್ಟೆವು. ಸಂಜೆ ಚಿತ್ರ ಮೂಡಿಸುವ ಡೆವಲಪರ್ ದ್ರಾವಣಕ್ಕೆ ಬಿದ್ದ ಹಾಳೆಯೆಲ್ಲ ಇದ್ದಿಲು. ಅವರ ಸ್ವಂತ ದುಡ್ಡಿನ ಬ್ರೊಮೈಡ್ ಪೇಪರು, ಬೆಳಕು ಸೋಕಿದರೆ ಕೆಡುವ ಫೋಟೊ ಹಾಳೆ.

ಮಾರನೇ ದಿನ ಡಸ್ಟರಿನಲ್ಲಿ ಗೆಣ್ಣಿಗೆ ಎರಡು ಬಿತ್ತು. ಆಮೇಲೆ, "ಬಾರಯ್ಯ" ಅಂತ ಕಾಂಪೌಂಡಿನ ಆಚೆಯ ಹಿಪ್ಪುನೇರಳೆ ತೋಟಕ್ಕೆ ಕರೆದೊಯ್ದರು. ಕೆಟ್ಟ ಹಾಳೆಯೊಂದರ ಮೇಲೆ ಎಲೆ ಇಟ್ಟು, ಗಾಜು ಮುಚ್ಚಿ, ಬಿಸಿಲಿಗಿಟ್ಟರು. ಅರ್ಧ ಗಂಟೆಗೆ ಹಾಳೆ ನೇರಳೆಗಂದು ತಿರುಗಿತು. ಎಲೆ ಇದ್ದ ಕಡೆ ತಿಳಿಯಾಗಿ ಎಲೆಯೇ ನಿಂತಿತ್ತು, ನರದ ಸಮೇತ.

"ಹಾಳೇಲಿರೋ ಬೆಳ್ಳಿ ಬೆಳಕು ತಿನ್ನುತ್ತೆ ಕಣಯ್ಯ, ನಮ್ಮೂರ ಹುಳ ಸೊಪ್ಪು ತಿಂದ ಹಾಗೆ."

"ಹೈಪೊ ನೀರಿಗೆ ಹಾಕೋಣ ಸಾರ್, ಚಿತ್ರ ಕಪ್ಪಾಗದೆ ನಿಲ್ಲುತ್ತೆ."

"ಹೈಪೊಗೆ ದುಡ್ಡು ನಿಮ್ಮಪ್ಪ ಕೊಡ್ತಾರಾ? ಪುಸ್ತಕದೊಳಗೆ ಇಟ್ಕೋ. ನೋಡಿದಾಗೆಲ್ಲ ಒಂಚೂರು ಕಪ್ಪಾಗುತ್ತೆ. ಕಮ್ಮಿ ನೋಡು."

ನನ್ನ ಕಸುಬು ಶುರುವಾಗಿದ್ದೇ ಅಲ್ಲಿ. ಕಥೆಯಿಲ್ಲದ ಸಿನಿಮಾ ಮಾಡುತ್ತೇನೆ. ನೂರಡಿ ಸುರುಳಿಗೆ ಎರಡೂಮುಕ್ಕಾಲು ನಿಮಿಷ, ಅಷ್ಟರಲ್ಲಿ ಊರಿನ ಒಂದು ಗೋಡೆಯೋ ಚರಕವೋ. ಕಾಫಿಪುಡಿ, ವಾಷಿಂಗ್ ಸೋಡಾ, ವಿಟಮಿನ್ ಸಿ ಕಲಸಿ ಮನೆಯಲ್ಲೇ ಫಿಲ್ಮ್ ತೊಳೆಯುವುದರಿಂದ ಹೆಂಡತಿ ಕಾಫಿಡಬ್ಬ ಬಚ್ಚಿಡುತ್ತಾಳೆ. ಹೊರದೇಶದ ಒಂದೆರಡು ಉತ್ಸವಗಳಲ್ಲಿ ತೋರಿಸಿದ್ದಾರೆ (ಹೇಳಿಕೊಳ್ಳಬಾರದು, ಹೇಳಿಕೊಂಡೆ). ಕಾಲೇಜಿನಲ್ಲಿ ತೋರಿಸಲು ಹೋದಾಗ ಹುಡುಗರು, "ಸಾರ್, ಇದನ್ನ ಫೋನಲ್ಲೇ ತೆಗೀಬಹುದಿತ್ತಲ್ಲ" ಅಂದರು. ತಪ್ಪೇನಲ್ಲ. ಆದರೆ ಆ ಕೋಣೆಯಲ್ಲೀಗ ಯುಪಿಎಸ್ ಬ್ಯಾಟರಿಗಳಿವೆ, ಬೀಗವಿದೆ. ಹಾಳು ಮಾಡಲು ಹುಡುಗರಿಗೆ ಏನೂ ಕೈಗೆ ಸಿಗುವುದಿಲ್ಲ.

ಸುದ್ದಿ ಬಂದ ರಾತ್ರಿ ಲಾಗ್ ಟೇಬಲ್ ಪುಸ್ತಕ ಹುಡುಕಿದೆ. ಕೆಂಪು ಜೀರೋ ಬಲ್ಬು ಹಾಕಿಕೊಂಡು ತೆರೆದೆ. ನರಗಳು ಇನ್ನೂ ಕಾಣುತ್ತವೆ. ತೊಟ್ಟು ಹೋಗಿದೆ.